ಕೊಡಗಿನ ಗೌರಮ್ಮನ ಬದುಕನ್ನು ಓದೋಣ



ಸಂಘದ ಸಭೆಯೊಂದರಲ್ಲಿ ಒಬ್ಬ ಸದಸ್ಯೆ ಕೇಳಿದರು: "ದೊಡ್ಡವರ ಜೀವನ ಚರಿತ್ರೆ ಓದಿ ನಮಗೇನಾಗ್ಬೇಕು ಸಿಸ್ಟರ್? ಬೆಳಿಗ್ಗೆ ತೋಟ, ಸಂಜೆ ಒಲೆ. ಅವರ ದಾರಿಯೇ ಬೇರೆ."

ನಾನು ಅವರಿಗೆ ಕೊಡಗಿನ ಗೌರಮ್ಮನ ವಿಷಯ ಹೇಳಿದೆ. ಗೌರಮ್ಮ 1912ರಲ್ಲಿ ಮಡಿಕೇರಿಯಲ್ಲಿ ಹುಟ್ಟಿದರು. ಚಿಕ್ಕವರಿರುವಾಗಲೇ ತಾಯಿಯನ್ನು ಕಳೆದುಕೊಂಡರು. ಮದುವೆಯಾಗಿ ಶುಂಠಿಕೊಪ್ಪದ ಹತ್ತಿರದ ತೋಟದಲ್ಲಿ ಸಂಸಾರ ಮಾಡಿದರು. ಮನೆಗೆಲಸ, ಮಗುವಿನ ನಡುವೆಯೇ ವಿಧವೆಯರ, ಕೈಬಿಟ್ಟ ಹೆಣ್ಣುಮಕ್ಕಳ ಕಥೆ ಬರೆದರು. ಆದರೆ ಕಥೆಯ ಕೆಳಗೆ ಹಾಕಿದ್ದು ಗಂಡನ ಹೆಸರು: 'ಮಿಸೆಸ್ ಬಿ.ಟಿ.ಜಿ. ಕೃಷ್ಣ'. 1934ರಲ್ಲಿ ಗಾಂಧೀಜಿ ಕೊಡಗಿಗೆ ಬಂದಾಗ, ತಮ್ಮ ಮನೆಗೆ ಬರಲೇಬೇಕೆಂದು ಉಪವಾಸ ಕೂತರು. ಗಾಂಧೀಜಿ ಬಂದರು. ಗೌರಮ್ಮ ತಮ್ಮ ಒಡವೆಗಳನ್ನು ಹರಿಜನ ನಿಧಿಗೆ ಕೊಟ್ಟರು. 1939ರಲ್ಲಿ ನೀರಿನಲ್ಲಿ ಮುಳುಗಿ ತೀರಿಕೊಂಡರು. ಆಗ ವಯಸ್ಸು 27. 'ಕಂಬನಿ' ಪುಸ್ತಕ ಬಂದದ್ದು ಆಮೇಲೆ. ಇಂದು ನಾಡು ಅವರನ್ನು ಗುರುತಿಸುವುದು ಅವರದೇ ಹೆಸರಿನಿಂದ.

ಆ ಸದಸ್ಯೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ಅವರಿಗೆ ಬರೆಯೋಕೆ ಪುರುಸೊತ್ತು ಎಲ್ಲಿ ಸಿಕ್ತು?" ಅಂದರು. ಓದಿನಿಂದ ಹುಟ್ಟಬೇಕಾದದ್ದು ಇಂಥ ಪ್ರಶ್ನೆಯೇ. ಜೀವನ ಚರಿತ್ರೆ ಓದುವುದು ಕೈಮುಗಿಯೋಕಲ್ಲ. ನಮ್ಮಂಥದೇ ಕಷ್ಟದಲ್ಲಿ ಇನ್ನೊಬ್ಬರು ಹೇಗೆ ದಾರಿ ಮಾಡಿಕೊಂಡರು ಎಂದು ತಿಳಿಯೋಕೆ.

ಆದ್ದರಿಂದ ವಾರದ ಸಭೆಯಲ್ಲಿ ಉಳಿತಾಯದ ಹಣ ಕಟ್ಟಿದ ಮೇಲೆ ಹತ್ತು ನಿಮಿಷ ಇಡಿ. ಪಂಚಾಯಿತಿ ಗ್ರಂಥಾಲಯದಲ್ಲಿ ಜೀವನ ಚರಿತ್ರೆಗಳನ್ನು ಕೇಳಿ ತನ್ನಿ. ಓದು ಬಲ್ಲವರು ಗಟ್ಟಿಯಾಗಿ ಓದಲಿ, ಉಳಿದವರು ಕೇಳಲಿ. ಕೊನೆಗೆ ಮೂರು ಮಾತು ಚರ್ಚಿಸಿ: ಇವರಿಗೆ ಏನು ಕಷ್ಟವಿತ್ತು? ಇವರು ಏನು ಮಾಡಿದರು? ನಾವು ಏನು ಮಾಡಬಹುದು?

ಹೆಬ್ಬೆಟ್ಟು ಒತ್ತುತ್ತಿದ್ದ ಎಷ್ಟೋ ಕೈಗಳು ಸಂಘಕ್ಕೆ ಬಂದು ಸಹಿ ಕಲಿತಿವೆ. ಈಗ ಆ ಕೈಗಳು ಪುಸ್ತಕ ಹಿಡಿಯಲಿ. ದೇವರು ನಿಮ್ಮನ್ನು ಆಶೀರ್ವದಿಸಲಿ.