ಮಾತೇ ಅಪರಾಧವಾದಾಗ



ಮಕ್ಕಳ ಮದುವೆ ಮಾಡಿದ್ದಕ್ಕೆ ಹರಳಯ್ಯ, ಮಧುವರಸರಿಗೆ ಎಳೆಹೂಟೆ ಶಿಕ್ಷೆಯಾಯಿತೆಂದು ನಮ್ಮ ಪರಂಪರೆ ನೆನೆಯುತ್ತದೆ. ಅವರು ಯಾರ ಮೇಲೂ ಕೈಮಾಡಿರಲಿಲ್ಲ.

ಬ್ರಿಟಿಷರು 1870ರಲ್ಲಿ ರಾಜದ್ರೋಹದ 124ಎ ಕಲಂ ತಂದರು. ಸರ್ಕಾರದ ಮೇಲೆ ಅಪ್ರೀತಿ ಹುಟ್ಟಿಸುವುದೇ ಅಪರಾಧವಾಯಿತು. ಬರೆದ ಲೇಖನಗಳಿಗಾಗಿ ತಿಲಕರಿಗೆ 1908ರಲ್ಲಿ, ಗಾಂಧೀಜಿಗೆ 1922ರಲ್ಲಿ ಆರಾರು ವರ್ಷ ಶಿಕ್ಷೆ. ಹಿಂಸೆಗೆ, ಅಶಾಂತಿಗೆ ಪ್ರಚೋದಿಸಿದರೆ ಮಾತ್ರ ಅಪರಾಧವೆಂದು ಸುಪ್ರೀಂ ಕೋರ್ಟು 1962ರಲ್ಲಿ ಹೇಳಿತು. ಆದರೂ ಕೇಸುಗಳು ನಿಲ್ಲಲಿಲ್ಲ. 2022ರಲ್ಲಿ ಕೋರ್ಟೇ ಆ ಕಲಂ ತಡೆಹಿಡಿಯಿತು. 2024ರಲ್ಲಿ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ರಾಜದ್ರೋಹವೆಂಬ ಹೆಸರಿಲ್ಲ. ಆದರೆ ದೇಶದ ಏಕತೆಗೆ ಅಪಾಯ ತರುವ ಮಾತಿಗೆ 152ನೇ ಕಲಮಿನಡಿ ಜೀವಾವಧಿಯವರೆಗೆ ಶಿಕ್ಷೆಯಿದೆ. ಯಾವುದು ಅಪಾಯ? ಮೊದಲು ತೀರ್ಮಾನಿಸುವವರು ಪೊಲೀಸರು. ಖುಲಾಸೆಯಾಗುವಷ್ಟರಲ್ಲಿ ವರ್ಷಗಳು ಕಳೆದಿರುತ್ತವೆ.

ಹಿಂಸೆಗೆ ಶಿಕ್ಷೆಯಾಗಲಿ, ಪ್ರಶ್ನೆಗೆ ಬೇಡ. ನನ್ನ ವಿನಂತಿ ಇಷ್ಟೇ: ನಾವು ಅನುಭವ ಮಂಟಪದ ವಾರಸುದಾರರು. ಒಪ್ಪದ ಮಾತಾಡಿದವನ ಮೇಲೆ ಕೇಸು ಹಾಕಿಸಿ ಎಂದು ನಾವೇ ಕೂಗುವುದು ಬೇಡ, ಉತ್ತರ ಕೊಡೋಣ.