ಒಂದು ಕಾಯಿಯೂ ಕಳೆಯದಂತೆ



ಆಟಿಯ ಮಳೆ ಹಿಡಿದ ದಿನಗಳಲ್ಲಿ ಬೆಳ್ತಂಗಡಿ ಕಡೆಯ ಮನೆಗಳ ಜಗಲಿಯಲ್ಲಿ ಚೆನ್ನೆಮಣೆ ಆಡುತ್ತಿದ್ದುದನ್ನು ನಿಮ್ಮ ಅಜ್ಜಿ ಹೇಳಿರಬಹುದು. ಮಣೆಯಲ್ಲಿ 14 ಗುಳಿ. ಆರಂಭದಲ್ಲಿ ಪ್ರತಿ ಗುಳಿಗೆ 4 ಕಾಯಿ. ಇದನ್ನು ದೂರದ ಗೆಳೆಯನಿಗೆ ತಿಳಿಸಲು 'ನಾಲ್ಕು, ನಾಲ್ಕು' ಎಂದು ಹದಿನಾಲ್ಕು ಸಲ ಬರೆಯುತ್ತೀರಾ? '14 ಸಲ 4' ಎಂದರೆ ಸಾಕು. ಅವನು 56 ಕಾಯಿಗಳನ್ನೂ ಸರಿಯಾಗಿ ಇಡುತ್ತಾನೆ. ಆಟ ಅರ್ಧಕ್ಕೆ ಬಂದಾಗ ಒಂದು ಗುಳಿಯಲ್ಲಿ ಏಳು, ಇನ್ನೊಂದರಲ್ಲಿ ಒಂದು. ಆಗ ಈ ಉಪಾಯ ನಡೆಯದು.

ಹಳೆಯ ವಿಡಿಯೋ ಆಟಗಳ ಕಡತಗಳನ್ನು ಗಣಕದಲ್ಲಿ ಕಿರಿದುಗೊಳಿಸುವ ತತ್ತ್ವವೂ ಇದೇ. ಮರುಕಳಿಕೆ ಇದ್ದಲ್ಲಿ ಉಳಿತಾಯ. ಲೆಂಪೆಲ್ ಮತ್ತು ಝಿವ್ 1977ರಲ್ಲಿ ತೋರಿಸಿಕೊಟ್ಟ ದಾರಿಯಲ್ಲಿ, ಹಿಂದೆ ಬಂದದ್ದೇ ಮತ್ತೆ ಬಂದರೆ 'ಇಷ್ಟು ಹಿಂದೆ ಹೋಗಿ ಇಷ್ಟನ್ನು ನಕಲಿಸು' ಎಂದಷ್ಟೇ ಗುರುತು ಹಾಕಲಾಗುತ್ತದೆ. ಜಿಪ್ ಕಡತಗಳ ಒಳಗುಟ್ಟು ಇದು.

ಹಾಗಾದರೆ ಯಾವುದನ್ನು ಕಿರಿದುಗೊಳಿಸಬೇಕು? 1985ರ ಸೂಪರ್ ಮಾರಿಯೋ ಬ್ರದರ್ಸ್ ಕೇವಲ 40 ಕಿಲೋಬೈಟ್. 650 ಮೆಗಾಬೈಟಿನ ಒಂದು ಸಿ.ಡಿ.ಯಲ್ಲಿ ಅಂಥವು 16 ಸಾವಿರಕ್ಕೂ ಹೆಚ್ಚು ಹಿಡಿಯುತ್ತವೆ! ಅಲ್ಲಿ ಗಳಿಕೆ ಅಲ್ಪ. 1994ರಲ್ಲಿ ಬಂದ ಪ್ಲೇಸ್ಟೇಷನ್ನಿನ ಸಿ.ಡಿ. ಆಟಗಳ ಮಾತು ಬೇರೆ. ಕೆಲವು ಸಿ.ಡಿ.ಗಳಲ್ಲಿ ಖಾಲಿ ಜಾಗಕ್ಕೆ ಸಾಲುಸಾಲು ಸೊನ್ನೆಗಳನ್ನೇ ತುಂಬಿರುತ್ತಾರೆ. ಅವು ಆರಂಭದ ಚೆನ್ನೆಮಣೆಯಂತೆ ಸುಲಭವಾಗಿ ಅಡಗುತ್ತವೆ. ಮೊದಲೇ ಅಡಕಗೊಳಿಸಿದ ಚಲನಚಿತ್ರದ ಭಾಗಗಳು ಮಾತ್ರ ಹೆಚ್ಚು ಕುಗ್ಗುವುದಿಲ್ಲ. ಇಂಥ ಆಟಗಳಿಗೆ ಸಿ.ಎಚ್.ಡಿ. ಎಂಬ ವಿಧಾನವಿದೆ. ಇದು ಕಡತವನ್ನು ತುಂಡುತುಂಡಾಗಿ ಅಡಕಗೊಳಿಸುವುದರಿಂದ, ಆಡುವಾಗ ಬೇಕಾದ ತುಂಡನ್ನಷ್ಟೇ ಬಿಚ್ಚಿದರೆ ಸಾಕು.

ಒಂದು ಎಚ್ಚರ. ಜೆಪೆಗ್ ಚಿತ್ರ, ಎಂಪಿ3 ಹಾಡುಗಳು ಕಣ್ಣು ಕಿವಿಗಳು ಅಷ್ಟಾಗಿ ಗಮನಿಸದ ವಿವರಗಳನ್ನು ಬಿಟ್ಟುಬಿಡುತ್ತವೆ. ಆಟದ ಆಜ್ಞೆಗಳಲ್ಲಿ ಹಾಗೆ ಬಿಡುವಂತಿಲ್ಲ. ಒಂದು ಬೈಟ್ ತಪ್ಪಿದರೂ ಆಟ ನಡುವೆ ನಿಂತೀತು.

ನಾನೊಮ್ಮೆ ಜಾಗ ಉಳಿಸುವ ಆತುರದಲ್ಲಿ, ದೊಡ್ಡ 'ಬಿನ್' ಕಡತವನ್ನು ಇಟ್ಟುಕೊಂಡು ಜೊತೆಗಿದ್ದ ಪುಟ್ಟ 'ಕ್ಯೂ' ಕಡತವನ್ನು ಅಳಿಸಿಬಿಟ್ಟೆ. ಸಿ.ಡಿ.ಯ ಯಾವ ಭಾಗ ಎಲ್ಲಿ ಆರಂಭ ಎಂದು ಹೇಳುವುದೇ ಆ ಕಡತ. ಉಳಿಸಿದ್ದು ನಾಲ್ಕು ಸಾಲು. ಕಳೆದದ್ದು ತಮ್ಮನ ಮೆಚ್ಚಿನ ಆಟ. ಮೂಲ ಸಿ.ಡಿ. ಆಗಲೇ ಗೀರುಬಿದ್ದು ಕೆಟ್ಟಿತ್ತು.

ಆದ್ದರಿಂದ, ನೀವು ಕೊಂಡ ಆಟವನ್ನು ಮೊದಲು ಅಡಕಗೊಳಿಸಿ. ಬಳಿಕ ಬಿಚ್ಚಿ, ಮೂಲದೊಡನೆ ತಾಳೆ ನೋಡಿ. ಎಲ್ಲವೂ ಸರಿಹೊಂದಿದ ಮೇಲಷ್ಟೇ ಮೂಲವನ್ನು ಅಳಿಸಿ. ಮಣೆ ಮಡಚಿಡುವ ಮುನ್ನ ಅಜ್ಜಿ ಕಾಯಿ ಎಣಿಸುತ್ತಿದ್ದುದೂ ಇದಕ್ಕೇ.