ಅಪೀಲ್ ಹಾಕಿದ್ರೂ ಖಾತೆ ಅಟ್ಯಾಚ್ ಆಗುತ್ತಾ?

ದಢೇಸುಗೂರಿಂದ ಸಿಂಧನೂರು, ಮಸ್ಕಿವರೆಗೆ ಭತ್ತದ ವ್ಯಾಪಾರ ಮಾಡೋರು ಟ್ಯಾಕ್ಸ್ ಆರ್ಡರ್ ಬಂದಾಗ ಹೇಳೋ ಮಾತು: "ಅಪೀಲ್ ಹಾಕೀವಿ, ಇನ್ನೇನ್ ಚಿಂತಿ?"

ಚಿಂತಿ ಐತ್ರಿ. ಆದಾಯ ತೆರಿಗೆಯಲ್ಲಿ ಅಪೀಲ್ ಹಾಕಿದ ಮಾತ್ರಕ್ಕೆ ವಸೂಲಿ ನಿಲ್ಲಲ್ಲ. 1961ರ ಕಾಯ್ದೆಯ ಸೆಕ್ಷನ್ 220(6)ರಲ್ಲಿ ತಡೆ ಕೇಳಿ ಅಧಿಕಾರಿಗೆ ಬೇರೆ ಅರ್ಜಿ ಕೊಡಬೇಕು. ಕೊಡದಿದ್ರೆ ನೋಟಿಸ್ ನೇರ ಬ್ಯಾಂಕಿಗೇ ಹೋಗಬಹುದು. ಅರ್ಜಿ ಕೊಟ್ಟರೆ ಸಾಮಾನ್ಯವಾಗಿ ಶೇ. 20 ಕಟ್ಟಿ ಅಂತಾರೆ. 2016ರಲ್ಲಿ ಇದು ಶೇ. 15 ಇತ್ತು, 2017ರ ಜುಲೈನಲ್ಲಿ ಏರಿಸಿದರು.

ಹಂಗಂತ 20 ಅನ್ನೋದು ಕಲ್ಲಲ್ಲಿ ಕೊರೆದಿದ್ದಲ್ಲ. ಫ್ಲಿಪ್‌ಕಾರ್ಟ್ ಕೇಸಲ್ಲಿ 2017ರಲ್ಲಿ ನಮ್ಮ ಹೈಕೋರ್ಟ್, ತೆರಿಗೆ ವಿಪರೀತ ಹಾಕಿದಾರಾ, ಕಟ್ಟೋರಿಗೆ ನಿಜವಾದ ಕಷ್ಟ ಇದೆಯಾ ಅಂತಾನೂ ನೋಡಬೇಕು ಅಂತು. ಮರುವರ್ಷ ಎಲ್‌ಜಿ ಕೇಸಲ್ಲಿ ಸುಪ್ರೀಂ ಕೋರ್ಟ್, ಕಡಿಮೆ ಕಟ್ಟಿಸಿಕೊಂಡೂ ತಡೆ ಕೊಡಬಹುದು ಅಂತು. ಅಂದ್ರೆ ಅರ್ಜಿಯಲ್ಲಿ ಬರೀ "ದಯವಿಟ್ಟು" ಸಾಲಲ್ಲ. ಸಾಲದ ಲೆಕ್ಕ, ಬ್ಯಾಂಕ್ ಸ್ಟೇಟ್‌ಮೆಂಟ್ ಇಡಿ.

ಜಿಎಸ್‌ಟಿಯಲ್ಲಿ ಸ್ವಲ್ಪ ಸಲೀಸು. ಒಪ್ಪಿಕೊಂಡ ತೆರಿಗೆ ಪೂರ್ತಿ, ತಕರಾರಿನ ತೆರಿಗೆಯಲ್ಲಿ ಶೇ. 10 ಕಟ್ಟಿ ಅಪೀಲ್ ಹಾಕಿದರೆ ಉಳಿದದ್ದಕ್ಕೆ ತಾನಾಗೇ ತಡೆ. ಆದರೆ ಮೂರು ತಿಂಗಳೊಳಗೆ ಹಾಕಬೇಕು. ಆರ್ಡರ್ ಪೋರ್ಟಲ್‌ನಲ್ಲಿ ಬಂದು ಕೂತಿರುತ್ತೆ, ಪಾಸ್‌ವರ್ಡ್ ಲೆಕ್ಕ ಬರೆಯೋ ಅಣ್ಣನ ಹತ್ರ ಇರುತ್ತೆ! ಇವತ್ತೇ ಇಸ್ಕೊಂಡು ಒಮ್ಮೆ ಲಾಗಿನ್ ಆಗಿ ನೋಡ್ರಿ.